ಬೀಗ ಹಾಕಿದ ಮೋಡೆಮ್: ತೆಗೆಸುವ ಮುನ್ನ ತಿಳಿಯಬೇಕಾದ ಲೆಕ್ಕ

ಅಫಜಲಪುರ ತಾಲೂಕಿನ ಸೊನ್ನ, ಭೀಮಾ ನದಿಯ ಬ್ಯಾರೇಜಿನಿಂದ ಹೆಸರಾದ ಊರು. ಏತ ನೀರಾವರಿ ಬಂದೆಡೆ ಪಂಪ್‌ಸೆಟ್, ಪೈಪುಗಳ ವ್ಯಾಪಾರವೂ ಬರುವುದು ಸಹಜ. ಆ ಭಾಗದಲ್ಲಿ ಅಂತಹದೇ ಅಂಗಡಿ ನಡೆಸುವ ನನ್ನ ಕಕ್ಷಿದಾರರೊಬ್ಬರು ಒಂದು ತಿಂಗಳ 20ನೆಯ ತಾರೀಖಿನ ಸಂಜೆ ದೂರವಾಣಿ ಮಾಡಿದರು. ಮಾಸಿಕ ಸಲ್ಲಿಕೆದಾರರಿಗೆ ಜಿಎಸ್‌ಟಿಆರ್-3ಬಿ ನಮೂನೆಗೆ ಅದೇ ಕಡೆಯ ದಿನ. ಲೆಕ್ಕ ಸಿದ್ಧ, ಹಣವೂ ಸಿದ್ಧ; ಆದರೆ ಅವರ ಯುಎಸ್‌ಬಿ ಮೋಡೆಮ್ ನಂಬಿಕೊಂಡಿದ್ದ ಕಂಪನಿಯ ಸಿಗ್ನಲ್ ಬೆಳಗಿನಿಂದ ಇರಲಿಲ್ಲ. ಬೇರೊಂದು ಕಂಪನಿಯ ಸಿಮ್ ಹಾಕಿದರೆ ಪರದೆಯ ಮೇಲೆ ಅನ್‌ಲಾಕ್ ಕೋಡ್ ಕೊಡಿರೆಂಬ ಬೇಡಿಕೆ. ಗಾಬರಿಯಲ್ಲಿ ಅವರು ಊಹೆಯಿಂದ ನಾಲ್ಕಾರು ಸಂಖ್ಯೆಗಳನ್ನು ಒತ್ತಿಯೂ ಬಿಟ್ಟಿದ್ದರು.

ಪಕ್ಕದವರ ಫೋನಿನ ಹಾಟ್‌ಸ್ಪಾಟ್‌ನಿಂದ ಅಂದು ರಾತ್ರಿ ಕೆಲಸವಾಯಿತು. ತಪ್ಪಿದ್ದರೆ ದಿನಕ್ಕೆ 50 ರೂಪಾಯಿ ವಿಳಂಬ ಶುಲ್ಕ, ನಗದಾಗಿ ಕಟ್ಟಬೇಕಾದ ತೆರಿಗೆಯ ಮೇಲೆ ವರ್ಷಕ್ಕೆ ಶೇ. 18ರಂತೆ ಬಡ್ಡಿ. ಹಾಗಾದರೆ ಫೋನೇ ಸಾಲದೇ ಎಂದು ಕೆಲವರು ಕೇಳಬಹುದು. ಮಾಲೀಕರು ಕಲಬುರಗಿಗೆ ಹೊರಟರೆ ಫೋನೂ ಹೊರಡುತ್ತದೆ. ಅಂಗಡಿಯಲ್ಲಿ ಉಳಿದ ಗುಮಾಸ್ತರು ಇ-ವೇ ಬಿಲ್ ತೆಗೆಯಬೇಕಲ್ಲ! ಆದ್ದರಿಂದ ಗಣಕಕ್ಕೆ ತನ್ನದೇ ಆದ ಸಂಪರ್ಕ ಇರುವುದು ಲೇಸು.

ಇನ್ನು ಬೀಗದ ವಿಚಾರ. ಕಂಪನಿಯು ಮೋಡೆಮನ್ನು ಅಸಲಿಗಿಂತ ಕಡಿಮೆ ಬೆಲೆಗೆ ಕೊಟ್ಟು, ಆ ನಷ್ಟವನ್ನು ಮುಂದಿನ ತಿಂಗಳುಗಳ ಬಾಡಿಗೆಯಲ್ಲಿ ತುಂಬಿಕೊಳ್ಳುತ್ತದೆ. ಗಿರಾಕಿ ನಡುವೆ ಕೈಬಿಟ್ಟು ಹೋಗದಿರಲೆಂದೇ ಈ ಬೀಗ. ಪ್ರತಿಯೊಂದು ಸಿಮ್ಮಿನೊಳಗೂ ಒಂದು ಸಂಖ್ಯೆ ಇರುತ್ತದೆ. ಅದರ ಮೊದಲ ಅಂಕಿಗಳು ದೇಶವನ್ನೂ ಕಂಪನಿಯನ್ನೂ ಸೂಚಿಸುತ್ತವೆ. ಕರ್ನಾಟಕ ವಲಯದ ಏರ್‌ಟೆಲ್‌ಗೆ 404 45, ಬಿಎಸ್‌ಎನ್‌ಎಲ್‌ಗೆ 404 71. ಮೋಡೆಮ್ ಈ ಅಂಕಿಗಳನ್ನು ಓದಿ, ತನಗೆ ಮೊದಲೇ ಕಲಿಸಿದ ಅಂಕಿಗಳೊಡನೆ ತಾಳೆ ನೋಡುತ್ತದೆ. ತಾಳೆಯಾಗದಿದ್ದರೆ ಬಾಗಿಲು ಮುಚ್ಚಿದಂತೆಯೇ. ನಾವು ಲೆಕ್ಕಪರಿಶೋಧಕರು ವೋಚರ್ ನೋಡುವ ಕ್ರಮವೂ ಇದಕ್ಕಿಂತ ಬೇರೆಯಲ್ಲ.

ಕೋಡ್ ಎಂಬುದು ಆಯಾ ಮೋಡೆಮಿನ 15 ಅಂಕಿಯ ಐಎಂಇಐ ಸಂಖ್ಯೆಗೆ ಹೊಂದಿಕೊಂಡದ್ದು. ಒಬ್ಬರ ಕೋಡ್ ಮತ್ತೊಬ್ಬರಿಗೆ ಉಪಯೋಗವಿಲ್ಲ. ಊಹಿಸಿ ಒತ್ತುವುದು ಅಪಾಯಕರ: ಹಳೆಯ ಹುವಾವೇ ಮಾದರಿಗಳಲ್ಲಿ ಹತ್ತು ಸಲ ತಪ್ಪಿದರೆ ಆ ದಾರಿಯೇ ಮುಚ್ಚಿಹೋಗುತ್ತಿತ್ತು. ಒಪ್ಪಂದದ ಅವಧಿ ಮುಗಿದ ಮೇಲೆ ಕಂಪನಿಗೆ ಲಿಖಿತವಾಗಿ ಬರೆದು ಕೋಡ್ ಕೇಳುವುದು ಸರಿಯಾದ ಕ್ರಮ. ಕೆನಡಾದಲ್ಲಿ 2017ರ ಡಿಸೆಂಬರ್‌ನಿಂದ ಬೀಗ ತೆಗೆಯಲು ಶುಲ್ಕ ಪಡೆಯುವುದನ್ನೂ, ಬ್ರಿಟನ್ನಿನಲ್ಲಿ 2021ರ ಡಿಸೆಂಬರ್‌ನಿಂದ ಬೀಗ ಹಾಕಿದ ಫೋನು ಮಾರುವುದನ್ನೂ ನಿಯಂತ್ರಕರು ನಿಷೇಧಿಸಿದ್ದಾರೆ.

ಪೇಟೆಯ ರಿಪೇರಿ ಅಂಗಡಿಗೆ ಒಯ್ಯುವವರು ಒಂದು ವಿಷಯವನ್ನು ಅವಶ್ಯವಾಗಿ ಗಮನಿಸತಕ್ಕದ್ದು. ಕೋಡ್ ನಮೂದಿಸುವುದರಿಂದ ಐಎಂಇಐ ಬದಲಾಗುವುದಿಲ್ಲ. ಆದರೆ ಕೆಲವರು ಒಳಗಿನ ತಂತ್ರಾಂಶವನ್ನೇ ಅಳಿಸಿ ಬೇರೆಯದನ್ನು ತುಂಬುವಾಗ ಈ ಸಂಖ್ಯೆಯನ್ನೂ ತಿದ್ದುವುದುಂಟು. 2017ರ ನಿಯಮಗಳಿಂದಲೇ ಇದು ಶಿಕ್ಷಾರ್ಹ. 2023ರ ದೂರಸಂಪರ್ಕ ಕಾಯ್ದೆಯ 42ನೆಯ ಕಲಮಿನ ಪ್ರಕಾರ ಮೂರು ವರ್ಷಗಳವರೆಗೆ ಕಾರಾವಾಸ, 50 ಲಕ್ಷ ರೂಪಾಯಿಗಳವರೆಗೆ ದಂಡ, ಅಥವಾ ಎರಡನ್ನೂ ವಿಧಿಸಬಹುದು. ಮೋಡೆಮಿನ ಮೇಲೆ ಅಚ್ಚಾದ ಸಂಖ್ಯೆಯನ್ನು ಕೊಡುವ ಮುನ್ನ ಬರೆದಿಟ್ಟುಕೊಂಡು, ಮರಳಿ ಪಡೆದಾಗ ಪರದೆಯ ಮೇಲೆ ಕಾಣುವ ಸಂಖ್ಯೆಯೊಡನೆ ತಾಳೆ ನೋಡಿರಿ.

ಬೀಗ ತೆಗೆದ ಮಾತ್ರಕ್ಕೆ ಎಲ್ಲ ಸಿಮ್ಮುಗಳೂ ನಡೆಯುತ್ತವೆಂದು ಭಾವಿಸಿ ಹಣ ಕಳೆದುಕೊಂಡವರೇ ಹೆಚ್ಚು. ಟಾಟಾ ಫೋಟಾನ್, ರಿಲಯನ್ಸ್ ನೆಟ್‌ಕನೆಕ್ಟ್ ಹೆಸರಿನ ಸಿಡಿಎಂಎ ಮೋಡೆಮುಗಳು ಹಿಂದೆ ನಮ್ಮ ಭಾಗದ ಬಹಳ ಅಂಗಡಿಗಳಲ್ಲಿದ್ದವು. ಆ ತಂತ್ರಜ್ಞಾನವೇ ಇಂದು ಸೇವೆಯಲ್ಲಿಲ್ಲವಾದ್ದರಿಂದ ಯಾವ ಕೋಡ್ ಕೂಡ ಅವನ್ನು ಬದುಕಿಸಲಾರದು. 3ಜಿ ಮೋಡೆಮಿನ ಗತಿಯೂ ಬಹುಮಟ್ಟಿಗೆ ಅದೇ. 2016ರ ಸೆಪ್ಟೆಂಬರಿನಲ್ಲಿ ಆರಂಭವಾದ ಜಿಯೋ 2ಜಿ, 3ಜಿ ಸೇವೆಯನ್ನು ಎಂದೂ ನಡೆಸಿಲ್ಲ. ಏರ್‌ಟೆಲ್ ತನ್ನ 3ಜಿಯನ್ನು 2020ರ ಹೊತ್ತಿಗೆ ಮುಚ್ಚಿತು. ಅಂತಹ ಮೋಡೆಮಿಗೆ ಐದುನೂರು ಕೊಟ್ಟು ಬೀಗ ತೆಗೆಸುವುದು ಮುಳುಗಿದ ಬಾಕಿಗೆ ವಸೂಲಿ ಖರ್ಚು ಮಾಡಿದಂತೆ.

4ಜಿ ಮೋಡೆಮಾದರೆ ಅದು ಯಾವ ತರಂಗಗಳನ್ನು ಹಿಡಿಯುತ್ತದೆಂದು ಡಬ್ಬಿಯ ಮೇಲೆ ನೋಡಿರಿ. ಜಿಯೋ 850, 1800 ಮತ್ತು 2300 ಮೆಗಾಹರ್ಟ್ಸ್‌ನಲ್ಲಿ 4ಜಿ ನೀಡುತ್ತದೆ. ಬಿಎಸ್‌ಎನ್‌ಎಲ್‌ನ 4ಜಿ 700 ಮತ್ತು 2100ರಲ್ಲಿದೆ. ಒಂದಕ್ಕೆಂದೇ ತಯಾರಾದ ಮೋಡೆಮ್ ಇನ್ನೊಂದನ್ನು ಕೇಳಿಸಿಕೊಳ್ಳದೆಯೇ ಇರಬಹುದು. ಹಳ್ಳಿಯ ಕಡೆ 700, 850ರಂತಹ ಕೆಳಗಿನ ತರಂಗಗಳು ದೂರಕ್ಕೂ ಗೋಡೆಯೊಳಕ್ಕೂ ತಲುಪುವುದರಿಂದ ಇದು ಮುಖ್ಯ. ಸಿಮ್ ಬದಲಿಸಿದ ಮೇಲೆ ಎಪಿಎನ್ ಎಂಬ ಹೆಸರನ್ನೂ ಬದಲಿಸಬೇಕಾಗುತ್ತದೆ: ಜಿಯೋಗೆ ಜಿಯೋನೆಟ್, ಬಿಎಸ್‌ಎನ್‌ಎಲ್‌ಗೆ ಬಿಎಸ್‌ಎನ್‌ಎಲ್‌ನೆಟ್. ಇದನ್ನು ಮರೆತು, ಬೀಗ ತೆಗೆದವನನ್ನು ಬೈಯುವವರನ್ನು ಕಂಡಿದ್ದೇನೆ.

ನನ್ನ ಅಭಿಪ್ರಾಯದಲ್ಲಿ ಹೊಸದಾಗಿ ಕೊಳ್ಳುವವರು ಕೆಲವು ನೂರು ಹೆಚ್ಚಾದರೂ ಬೀಗವಿಲ್ಲದ್ದನ್ನೇ ಕೊಳ್ಳಬೇಕು, ಮತ್ತು ಬಿಲ್ಲಿನಲ್ಲಿ ತಮ್ಮ ಜಿಎಸ್‌ಟಿ ಸಂಖ್ಯೆ ಬರೆಸಿಕೊಳ್ಳಬೇಕು. ವ್ಯವಹಾರಕ್ಕೆ ಬಳಸುವ ಮೋಡೆಮಿನ ಮೇಲಿನ ತೆರಿಗೆಗೆ ಹೂಡುವಳಿ ಜಮೆ ದೊರೆಯುತ್ತದೆ. ಸವಕಳಿಯ ಪ್ರಶ್ನೆಯಲ್ಲಿ, ಗಣಕದೊಡನೆ ಕೆಲಸ ಮಾಡುವ ರೂಟರ್, ಸ್ವಿಚ್‌ಗಳನ್ನು ಗಣಕದ ಗುಂಪಿಗೇ ಸೇರಿಸಬಹುದೆಂದು ಮುಂಬಯಿಯ ಆದಾಯ ತೆರಿಗೆ ನ್ಯಾಯಮಂಡಳಿಯ ವಿಶೇಷ ಪೀಠ 2010ರಲ್ಲಿ ಡೇಟಾಕ್ರಾಫ್ಟ್ ಪ್ರಕರಣದಲ್ಲಿ ಹೇಳಿತು. ಅದೇ ತರ್ಕದಿಂದ ಮೋಡೆಮಿಗೂ ಶೇ. 40 ದರವನ್ನು ಕೇಳಬಹುದು. ಬೀಗ ತೆಗೆಸಿದ ಶುಲ್ಕವನ್ನು ದುರಸ್ತಿ ಖಾತೆಗೆ ಬರೆಯಿರಿ. ರಸೀದಿ ಇಲ್ಲದಿದ್ದರೆ ನನ್ನ ಬಳಿ ತರಬೇಡಿರಿ.

ಇನ್ನೊಂದು ಮಾತು. ಜಿಎಸ್‌ಟಿ ಪೋರ್ಟಲ್‌ನಲ್ಲಿ ನೋಂದಾಯಿಸಿದ ಮೊಬೈಲ್ ಸಂಖ್ಯೆಯ ಸಿಮ್ಮನ್ನು ಮೋಡೆಮಿಗೆ ಹಾಕಬೇಡಿರಿ. ಒಟಿಪಿ ಮೋಡೆಮಿನೊಳಗೇ ಹೋಗಿ ಕೂರುತ್ತದೆ, ನೀವು ಫೋನು ಹಿಡಿದು ಕಾಯುತ್ತಿರುತ್ತೀರಿ. ಸೊನ್ನದ ಕಕ್ಷಿದಾರರು ಮರುತಿಂಗಳು ಮಾಡಿದ್ದೂ ಅದನ್ನೇ.