‘ಬಿಟರ್ಲಿ’ ಎಂಬ ಶಬ್ದ: ಅರ್ಥ ಮತ್ತು ಪ್ರಯೋಗ

ಇಂಗ್ಲಿಷ್ ಭಾಷೆಯ ಕ್ರಿಯಾವಿಶೇಷಣಗಳಲ್ಲಿ ‘ಬಿಟರ್ಲಿ’ ಎಂಬುದು ಅಷ್ಟೇನೂ ಕಠಿಣವಾದ ಶಬ್ದವಲ್ಲ. ಕಥೆಗಳಲ್ಲಿ, ಚರಿತ್ರೆಯ ಗ್ರಂಥಗಳಲ್ಲಿ, ವೃತ್ತಪತ್ರಿಕೆಗಳಲ್ಲಿ ಅದು ಮೇಲಿಂದ ಮೇಲೆ ಬರುತ್ತದೆ. ಅಂಗಡಿಯಲ್ಲಿ ದೊರೆಯುವ ಗೈಡುಗಳು ಅದಕ್ಕೆ ‘ಕಹಿಯಾಗಿ’ ಎಂಬ ಒಂದೇ ಅರ್ಥವನ್ನು ಕೊಟ್ಟು ಕೈತೊಳೆದುಕೊಳ್ಳುತ್ತವೆ. ವಿದ್ಯಾರ್ಥಿಯು ಅದನ್ನೇ ಬಾಯಿಪಾಠ ಮಾಡಿ, ‘ಶೀ ವೆಪ್ಟ್ ಬಿಟರ್ಲಿ’ ಎಂಬ ವಾಕ್ಯವನ್ನು ‘ಅವಳು ಕಹಿಯಾಗಿ ಅತ್ತಳು’ ಎಂದು ಅನುವಾದಿಸುತ್ತಾನೆ. ಅದಕ್ಕೆ ಪೂರ್ಣ ಅಂಕಗಳು ದೊರೆಯುವುದೂ ಉಂಟು. ಆದರೆ ಗೋಕಾಕ, ಮೂಡಲಗಿ, ಹುಕ್ಕೇರಿ ಸೀಮೆಯ ಯಾವ ಮನೆಯಲ್ಲಿಯೂ ಯಾರೂ ಇದುವರೆಗೆ ಕಹಿಯಾಗಿ ಅತ್ತಿಲ್ಲ. ಅಳುವುದಕ್ಕೆ ಅವರಲ್ಲಿ ಬೇರೆಯೇ ಮಾತುಗಳಿವೆ. ಹಾಗಾದರೆ ಆ ವಿದ್ಯಾರ್ಥಿಯು ಬರೆದದ್ದು ಯಾವ ಭಾಷೆ? ಇಂಗ್ಲಿಷ್ ಅವನಿಗೆ ಬರಲಿಲ್ಲ. ಬಂದಿದ್ದ ಕನ್ನಡವನ್ನು ಅವನು ಪರೀಕ್ಷೆಯ ಕೊಠಡಿಯ ಹೊರಗೆ ಬಿಟ್ಟು ಬಂದ. ಒಂದು ಚಿಕ್ಕ ಶಬ್ದದ ಮೇಲೆ ಇಷ್ಟು ವಿಸ್ತಾರವಾಗಿ ಬರೆಯುವುದಕ್ಕೆ ಇದೇ ಕಾರಣ.

ಮೊದಲು ಶಬ್ದದ ಮೂಲವನ್ನು ನೋಡೋಣ. ‘ಬಿಟರ್’ ಎಂಬ ಗುಣವಾಚಕವು ಪ್ರಾಚೀನ ಇಂಗ್ಲಿಷಿನಿಂದ ಬಂದುದು. ಕಚ್ಚು ಎಂಬ ಅರ್ಥದ ‘ಬೈಟ್’ ಧಾತುವಿಗೂ ಅದಕ್ಕೂ ಒಂದೇ ಬೇರು. ಅಂದರೆ ನಾಲಗೆಯನ್ನು ಕಚ್ಚುವಂಥದು ಯಾವುದೋ ಅದು ‘ಬಿಟರ್’. ಅದಕ್ಕೆ ಹತ್ತಿದ ‘ಲಿ’ ಪ್ರತ್ಯಯವು ಮೊದಲು ದೇಹ, ಆಕಾರ ಎಂಬ ಅರ್ಥವುಳ್ಳ ಸ್ವತಂತ್ರ ಶಬ್ದವೇ ಆಗಿತ್ತು. ಕಾಲಾಂತರದಲ್ಲಿ ಸವೆದು ಪ್ರತ್ಯಯವಾಯಿತು. ನಮ್ಮ ‘ಆಗು’ ಧಾತುವು ‘ಆಗಿ’ ಎಂಬ ರೂಪದಲ್ಲಿ ಗುಣವಾಚಕಗಳ ಬೆನ್ನಿಗೆ ನಿಂತಂತೆಯೇ ಇದು.

ಇನ್ನು ನಮ್ಮ ‘ಕಹಿ’. ಹಳಗನ್ನಡದಲ್ಲಿ ಇದಕ್ಕೆ ‘ಕಯ್ಪೆ’ ಮೊದಲಾದ ರೂಪಗಳಿವೆ. ತಮಿಳು, ಮಲೆಯಾಳಗಳಲ್ಲಿ ಇದರ ಸೋದರ ಶಬ್ದಗಳು ಇಂದಿಗೂ ಬಳಕೆಯಲ್ಲಿವೆ. ಈ ಶಬ್ದದಲ್ಲಿ ಕಚ್ಚುವ ಕಲ್ಪನೆಯಿಲ್ಲ. ಇದು ಶುದ್ಧವಾಗಿ ರುಚಿಯನ್ನೇ ಹೇಳುವಂಥದು. ಬೇವು, ಹಾಗಲ, ಮೆಂತೆ ಇವು ಇದರ ಮನೆಯವರು. ಹಾಗಲಕಾಯಿಗೆ ಬೇವಿನಕಾಯಿ ಸಾಕ್ಷಿ ಎಂಬ ಗಾದೆಯನ್ನು ಅರಿಯದವರು ಯಾರು? ರುಚಿಯಿಂದ ಮುಂದೆ ಸಾಗಿ ಈ ಶಬ್ದವು ಮನಸ್ಸಿನ ಕ್ಷೇತ್ರಕ್ಕೂ ಬಂದಿದೆಯೆಂಬುದು ನಿಜ. ಕಹಿ ನೆನಪು, ಕಹಿ ಅನುಭವ, ಕಹಿ ಸತ್ಯ ಎನ್ನುತ್ತೇವೆ. ಬೀಗರ ಸಂಬಂಧ ಕಹಿಯಾಯಿತು ಎನ್ನುತ್ತೇವೆ. ಈ ಪ್ರಯೋಗಗಳನ್ನು ಸೂಕ್ಷ್ಮವಾಗಿ ನೋಡಿದರೆ ಒಂದು ಸಂಗತಿ ಗೋಚರಿಸುತ್ತದೆ. ಕನ್ನಡದಲ್ಲಿ ಕಹಿಯಾಗುವುದು ಮಾಡಿದ ಕೆಲಸವಲ್ಲ, ಕೆಲಸ ಮುಗಿದ ಮೇಲೆ ಉಳಿದುದು. ಜಗಳವು ಮುಗಿದು ಕಹಿ ಉಳಿಯುತ್ತದೆ. ಇಂಗ್ಲಿಷಿನಲ್ಲಾದರೋ ಅಳುವ, ಬೈಯುವ, ಕಾದಾಡುವ ಕ್ರಿಯೆಯೊಳಗೇ ಆ ರುಚಿ ಬೆರೆತಿರುತ್ತದೆ. ‘ಕಹಿಯಾಗಿ ಅತ್ತಳು’ ಎಂಬುದು ಕಿವಿಗೆ ಒಗ್ಗದಿರುವುದು ಇದರಿಂದಲೇ.

ಹಾಗಾದರೆ ಕನ್ನಡವು ಈ ಭಾವವನ್ನು ಹೇಗೆ ಹೇಳುತ್ತದೆ? ಬಹುಮಟ್ಟಿಗೆ ಇನ್ನೊಂದು ಕ್ರಿಯಾಪದದಿಂದ. ಬಿಕ್ಕಿ ಬಿಕ್ಕಿ ಅತ್ತಳು, ಹಲುಬಿ ಅತ್ತಳು, ಕರುಳು ಕಿತ್ತು ಬರುವಂತೆ ಅತ್ತಳು. ಇಂಗ್ಲಿಷಿನಲ್ಲಿ ಗುಣವಾಚಕಕ್ಕೆ ಪ್ರತ್ಯಯ ಹತ್ತಿಸಿ ಮಾಡುವ ಕೆಲಸವನ್ನು ನಾವು ಕೃದಂತದಿಂದ, ಅದರಲ್ಲಿಯೂ ದ್ವಿರುಕ್ತಿಯಿಂದ ಮಾಡುತ್ತೇವೆ. ವ್ಯಾಕರಣದ ತರಗತಿಯಲ್ಲಿ ಕ್ರಿಯಾವಿಶೇಷಣವೆಂದರೆ ‘ಆಗಿ’ ಹತ್ತಿದ ಶಬ್ದ ಎಂದಷ್ಟೇ ಹೇಳಿಕೊಡುವುದರಿಂದ ಮಕ್ಕಳು ಈ ಇನ್ನೊಂದು ದಾರಿಯನ್ನು ದಾರಿಯೆಂದೇ ತಿಳಿಯುವುದಿಲ್ಲ.

2019ರ ಆಗಸ್ಟಿನಲ್ಲಿ ಘಟಪ್ರಭಾ, ಮಾರ್ಕಂಡೇಯ ನದಿಗಳು ಉಕ್ಕಿ ಗೋಕಾಕ ನಗರಕ್ಕೆ ನೀರು ನುಗ್ಗಿದುದು, ಲೋಳಸೂರ ಸೇತುವೆ ಮುಳುಗಿದುದು ವಾಚಕರ ಸ್ಮರಣೆಯಲ್ಲಿದೆ. ನದಿಯ ದಂಡೆಯ ಅನೇಕ ಹಳ್ಳಿಗಳ ಜನ ಮನೆಮಾರು ಬಿಟ್ಟು ಪರಿಹಾರ ಕೇಂದ್ರಗಳಲ್ಲಿ ದಿನ ಕಳೆದರು. ಆ ವರ್ಷ ಶಾಲೆ ಮತ್ತೆ ಆರಂಭವಾದ ಮೇಲೆ, ಕಂಡುದನ್ನು ಇಂಗ್ಲಿಷಿನಲ್ಲಿ ಹತ್ತು ಸಾಲು ಬರೆಯಿರಿ ಎಂದು ಮಕ್ಕಳಿಗೆ ಹೇಳಿದ್ದೆ. ಒಬ್ಬ ಹುಡುಗಿ ತನ್ನ ಅಜ್ಜಿ ‘ಕ್ರೈಡ್ ವೆರಿ ಲೌಡ್ಲಿ’ ಎಂದು ಬರೆದಿದ್ದಳು. ಗಟ್ಟಿಯಾಗಿ ಅತ್ತಳೆ ಎಂದು ಕೇಳಿದೆ. “ಗಟ್ಟ್ಯಾಗಿ ಅಲ್ರೀ ಸರ್. ನಮ್ಮ ಆಯಿ ಹಾಡ್ಯಾಡಿಕೊಂಡ ಅತ್ಲು. ಮನಿ ಬಿತ್ತಂತ ಅಲ್ಲ, ಎಮ್ಮಿ ಕಣ್ಣಿ ಬಿಚ್ಚಲಾರದ ಬಂದೆ ಅಂತ” ಎಂದಳು.

‘ಬಿಟರ್ಲಿ’ ಎಂಬ ಶಬ್ದದ ಅರ್ಥವನ್ನು ಇದಕ್ಕಿಂತ ಚೆನ್ನಾಗಿ ಯಾವ ಕೋಶವೂ ಹೇಳಲಾರದು. ಅದು ಅಳುವಿನ ಗಟ್ಟಿತನವನ್ನು ಅಳೆಯುವ ಶಬ್ದವಲ್ಲ. ಸದ್ದಿಲ್ಲದೆಯೂ ಮನುಷ್ಯನು ಹಾಗೆ ಅಳಬಲ್ಲನು. ಅಳುವಿನೊಳಗೆ ತನ್ನ ಮೇಲೋ ಪರರ ಮೇಲೋ ದೈವದ ಮೇಲೋ ಒಂದು ಮೊನಚು ಇರಬೇಕು. ನೀರು ಏರುವ ಹೊತ್ತಿನಲ್ಲಿ ಕಣ್ಣಿ ಬಿಚ್ಚಲಾಗಲಿಲ್ಲ ಎಂಬುದು ಆ ಮುದುಕಿಯನ್ನು ಒಳಗೆ ಕಚ್ಚುತ್ತಿತ್ತು. ಪಶ್ಚಾತ್ತಾಪಕ್ಕೆ ಇಂಗ್ಲಿಷಿನಲ್ಲಿರುವ ‘ರಿಮೋರ್ಸ್’ ಎಂಬ ಶಬ್ದದ ಲ್ಯಾಟಿನ್ ಮೂಲಾರ್ಥವೂ ‘ಮರಳಿ ಕಚ್ಚುವುದು’ ಎಂದೇ. ಬೈಬಲ್ಲಿನ 1611ರ ಇಂಗ್ಲಿಷ್ ಭಾಷಾಂತರದಲ್ಲಿ, ತನ್ನ ಗುರುವನ್ನು ಅರಿಯೆನೆಂದು ಮೂರು ಸಲ ಹೇಳಿದ ಪೀಟರನು ಬಳಿಕ ಹೊರಗೆ ಹೋಗಿ ಅತ್ತ ಪ್ರಸಂಗಕ್ಕೂ ಇದೇ ಕ್ರಿಯಾವಿಶೇಷಣವನ್ನು ಬಳಸಿದ್ದಾರೆ. ಅಲ್ಲಿಯೂ ಅಳುವಿನ ಕಾರಣವು ತನ್ನದೇ ತಪ್ಪು. ಆ ಹುಡುಗಿಯ ಸಾಲಿನಲ್ಲಿ ‘ಲೌಡ್ಲಿ’ಯನ್ನು ಹೊಡೆದು ‘ಬಿಟರ್ಲಿ’ ಬರೆಸಿದೆ. ಅಂದಿನಿಂದ ಆ ತರಗತಿಯಲ್ಲಿ ಈ ಶಬ್ದದ ಅರ್ಥವನ್ನು ಮತ್ತೊಮ್ಮೆ ಕೇಳುವ ಪ್ರಮೇಯ ಬರಲಿಲ್ಲ.

ಅಳುವಿನಿಂದ ದೂರಿಗೆ ಬಂದರೆ ಅರ್ಥವು ತುಸು ಬದಲಾಗುತ್ತದೆ. ‘ಕಂಪ್ಲೇನ್ಡ್ ಬಿಟರ್ಲಿ’ ಎಂಬುದಕ್ಕೆ ‘ಅಲವತ್ತುಕೊಂಡರು’ ಎಂಬ ಒಂದೇ ಕ್ರಿಯಾಪದ ಸಾಕಾಗುವ ಸಂದರ್ಭಗಳಿವೆ. ಎಲ್ಲ ಕಡೆಗೂ ಅದು ಸಲ್ಲದು. 2025ರ ನವೆಂಬರಿನಲ್ಲಿ ಮೂಡಲಗಿ ತಾಲೂಕಿನ ಗುರ್ಲಾಪುರ ಕ್ರಾಸಿನಲ್ಲಿ ಕಬ್ಬು ಬೆಳೆಗಾರರು ಟನ್ನಿಗೆ 3,500 ರೂಪಾಯಿ ಬೆಲೆ ಬೇಕೆಂದು ಹೂಡಿದ ಹೋರಾಟವನ್ನು ನೆನೆಯಿರಿ. ಅಲ್ಲಿ ಕುಳಿತವರು ತಮ್ಮ ಬೆಲೆಯ ಮಾತನ್ನು ‘ಬಿಟರ್ಲಿ’ ಹೇಳಿದರು ಎಂದು ಇಂಗ್ಲಿಷಿನಲ್ಲಿ ಬರೆದರೆ ಒಪ್ಪುತ್ತದೆ. ಅಲವತ್ತುಕೊಂಡರು ಎಂದು ಕನ್ನಡದಲ್ಲಿ ಬರೆದರೆ ಅವರಿಗೆ ಅಪಚಾರ. ಅಲವತ್ತುಕೊಳ್ಳುವುದರಲ್ಲಿ ಅಸಹಾಯಕತೆ ಹೆಚ್ಚು, ಸಿಟ್ಟು ಕಡಿಮೆ. ಇಂಥಲ್ಲಿ ‘ನೊಂದು ಸಿಟ್ಟಿನಿಂದ ಹೇಳಿದರು’ ಎಂದು ಎರಡು ಮಾತು ಬಳಸುವುದೇ ಲೇಸು.

‘ರಿಗ್ರೆಟ್’ ಎಂಬ ಕ್ರಿಯಾಪದದ ಜೊತೆಗೆ ಬಂದಾಗ ನಮ್ಮ ಭಾಗದ ‘ಹಳಹಳಿ’ಯನ್ನು ಮರೆಯಬಾರದು. ‘ಹೀ ಬಿಟರ್ಲಿ ರಿಗ್ರೆಟೆಡ್ ಇಟ್’ ಎಂಬುದನ್ನು ‘ಬಹಳ ಹಳಹಳಿಸಿದ’ ಎಂದರೆ ಮೂರನೆಯ ಇಯತ್ತೆಯ ಹುಡುಗನಿಗೂ ತಿಳಿಯುತ್ತದೆ. ಇದು ಗ್ರಾಮ್ಯವೆಂದು ಮೂಗು ಮುರಿಯುವವರು ಉಂಟು. ಬೆಟಗೇರಿ ಕೃಷ್ಣಶರ್ಮರೂ ಮಳಾಮರಡಿಯ ಬಸವರಾಜ ಕಟ್ಟೀಮನಿಯವರೂ ಗೋಕಾಕ ತಾಲೂಕಿನಲ್ಲಿ ಹುಟ್ಟಿದವರು. ಚಂದ್ರಶೇಖರ ಕಂಬಾರರು ಹುಕ್ಕೇರಿ ತಾಲೂಕಿನ ಘೋಡಗೇರಿಯವರು. ಈ ಸೀಮೆಯ ಮನೆಮಾತು ಅವರ ಬರಹಕ್ಕೆ ಸಾಲಿತು. ನಮ್ಮ ಅನುವಾದದ ಪಾಠಕ್ಕೆ ಸಾಲದೆ ಹೋದೀತೆ?

‘ಬಿಟರ್ಲಿ ರಿಸೆಂಟ್’ ಎಂದರೆ ಒಳಗೊಳಗೇ ಕುದಿ. ‘ಬಿಟರ್ಲಿ ಡಿಸಪಾಯಿಂಟೆಡ್’ ಎಂದರೆ ತೀರ ನಿರಾಶನಾದ, ಮನಸ್ಸು ಮುರಿದವನಾದ. ‘ಬಿಟರ್ಲಿ ಕ್ರಿಟಿಸೈಜ್ಡ್’ ಎಂಬಲ್ಲಿ ಕಟುವಾಗಿ ಟೀಕಿಸಿದರು ಎಂಬ ಪ್ರಯೋಗ ಈಗಾಗಲೇ ರೂಢವಾಗಿದೆ. ಚುನಾವಣೆ, ವ್ಯಾಜ್ಯ, ಗಡಿಯ ತಂಟೆಗಳ ಪ್ರಸ್ತಾಪದಲ್ಲಿ ಬರುವ ‘ಬಿಟರ್ಲಿ ಕಂಟೆಸ್ಟೆಡ್’ ಎಂಬುದಕ್ಕೆ ನಮ್ಮ ‘ಜಿದ್ದಾಜಿದ್ದಿನ’ ಎಂಬ ಮಾತು ಅಚ್ಚಿನಲ್ಲಿ ಎರಕ ಹೊಯ್ದಂತೆ ಕೂಡುತ್ತದೆ. 1824ರ ಅಕ್ಟೋಬರ್ 23ರಂದು ಥ್ಯಾಕರೆ ಮಡಿದ ಕಿತ್ತೂರಿನ ಕಾಳಗವನ್ನು ಇಂಗ್ಲಿಷಿನಲ್ಲಿ ‘ಬಿಟರ್ಲಿ ಫಾಟ್’ ಎನ್ನಬಹುದು. ಕನ್ನಡದಲ್ಲಿ ಅದು ಘೋರ ಕಾಳಗ.

ಮೇಲಿನ ಕೆಲವು ಪ್ರಯೋಗಗಳಲ್ಲಿ ದುಃಖದ ಅಂಶವು ಹಿಂದೆ ಸರಿದು ತೀವ್ರತೆಯೊಂದೇ ಉಳಿದಿದೆ. ಇದರ ಕೊನೆಯ ಹಂತವೇ ‘ಬಿಟರ್ಲಿ ಕೋಲ್ಡ್’. ಚಳಿಗೆ ದುಃಖವೆಲ್ಲಿಯದು? ಇಲ್ಲಿ ಶಬ್ದವು ತನ್ನ ಹಳೆಯ ಅರ್ಥಕ್ಕೆ, ಅಂದರೆ ಕಚ್ಚುವಿಕೆಗೆ ಮರಳಿದೆ. ಪುಷ್ಯಮಾಸದ ನಸುಕಿನಲ್ಲಿ ಹಿಡಕಲ್ ಜಲಾಶಯದ ಕೆಳಗಿನ ಹೊಲಗಳಲ್ಲಿ ಕಬ್ಬು ಕಡಿಯಲು ನಿಂತವರನ್ನು ಕೇಳಿದರೆ ಚಳಿ ಕೊರೆಯುತ್ತದೆ ಎನ್ನುತ್ತಾರೆ. ಇಂಗ್ಲಿಷಿನವನಿಗೆ ಕಚ್ಚುವ ಚಳಿ ಕನ್ನಡಿಗನಿಗೆ ಕೊರೆಯುತ್ತದೆ. ಎರಡೂ ಭಾಷೆಗಳು ಚರ್ಮದ ಮೇಲಿನ ಅನುಭವದಿಂದಲೇ ಮಾತು ಹುಟ್ಟಿಸಿಕೊಂಡಿವೆ. ಕೊರೆಯುವ ಚಳಿ ಎಂಬುದಕ್ಕೆ ಪರ್ಯಾಯವಾಗಿ ಕಡುಚಳಿ ಎಂದೂ ಹೇಳಬಹುದು.

ಈ ‘ಕಡು’ ಎಂಬ ಶಬ್ದದಲ್ಲಿ ಒಂದು ವಿನೋದವಿದೆ. ಅದು ಅಚ್ಚಗನ್ನಡದ ತೀವ್ರತಾವಾಚಕ: ಕಡುವೈರಿ, ಕಡುಬಡವ, ಕಡುಕೋಪ. ಸಂಕೇಶ್ವರದ ಪೇಟೆಯಲ್ಲಿ ಮರಾಠಿ ಮಾತನಾಡುವವರ ಬಾಯಲ್ಲಿ ‘ಕಡೂ’ ಎಂದರೆ ರುಚಿಯ ಕಹಿ. ಇದು ಸಂಸ್ಕೃತದ ‘ಕಟು’ವಿನಿಂದ ಬಂದುದು. ಆಯುರ್ವೇದದ ಷಡ್ರಸಗಳಲ್ಲಿ ಕಟುವೆಂದರೆ ಕಹಿಯಲ್ಲ, ಖಾರ. ಕಹಿಗೆ ಅಲ್ಲಿ ‘ತಿಕ್ತ’ವೆಂಬ ಹೆಸರು. ಆ ಲೆಕ್ಕದಲ್ಲಿ ಸಂಕೇಶ್ವರಿ ಮೆಣಸಿನಕಾಯಿ ಕಟು, ಬೇವು ತಿಕ್ತ. ಉತ್ತರದ ಭಾಷೆಗಳಲ್ಲಿ ‘ಕಟು’ವಿನ ಅರ್ಥವು ಬದಲಾಗಿದೆ: ಹಿಂದಿಯ ‘ಕಡವಾ’ ಕಹಿಯಾಯಿತು. ಹೀಗಾಗಿ ಗಡಿಭಾಗದ ಒಂದೇ ಬೆಂಚಿನ ಮೇಲೆ ಕುಳಿತ ಇಬ್ಬರು ಹುಡುಗರಲ್ಲಿ ಒಬ್ಬನಿಗೆ ‘ಕಡು’ ಎಂದರೆ ಬಹಳ, ಇನ್ನೊಬ್ಬನಿಗೆ ‘ಕಡೂ’ ಎಂದರೆ ಕಹಿ. ‘ಬಿಟರ್ಲಿ’ ಎಂಬ ಇಂಗ್ಲಿಷ್ ಶಬ್ದದಲ್ಲಿ ಈ ಎರಡೂ ಅರ್ಥಗಳು ಕೂಡಿಯೇ ಇವೆ! ಹುಕ್ಕೇರಿ ಭಾಗದ ಅಧ್ಯಾಪಕರಿಗೆ ಇದಕ್ಕಿಂತ ಸುಲಭವಾದ ಪಾಠೋಪಕರಣ ಬೇಕಿಲ್ಲ.

ಆದರೂ ‘ಕಡು’ವನ್ನು ‘ಬಿಟರ್ಲಿ’ಯ ಸರಿಸಮ ಶಬ್ದವೆಂದು ತಿಳಿಯಲಾಗದು. ನಮ್ಮ ಕಡು ಒಳ್ಳೆಯದಕ್ಕೂ ಕೂಡುತ್ತದೆ. ಕಡುಜಾಣ, ಕಡುಚೆಲುವೆ ಎನ್ನುತ್ತೇವೆ. ‘ಬಿಟರ್ಲಿ’ ಹಾಗೆ ಕೂಡದು. ಯಾರನ್ನೂ ‘ಬಿಟರ್ಲಿ ಬ್ಯೂಟಿಫುಲ್’ ಎಂದು ಹೊಗಳುವಂತಿಲ್ಲ. ಹವೆಯ ವಿಷಯದಲ್ಲಿಯೂ ಅದು ಚಳಿಗೆ, ಚಳಿಗಾಳಿಗೆ ಮೀಸಲು. ನಮ್ಮಲ್ಲಿ ಕಡುಬಿಸಿಲು ಉಂಟೆಂದು ‘ಬಿಟರ್ಲಿ ಹಾಟ್’ ಎಂದು ಬರೆದರೆ ತಪ್ಪಾಗುತ್ತದೆ.

ಶಬ್ದವನ್ನು ವಾಕ್ಯದಲ್ಲಿ ಎಲ್ಲಿ ಇಡಬೇಕೆಂಬುದು ಕಷ್ಟದ ಸಂಗತಿಯಲ್ಲ. ಅಳುವ, ದೂರುವ ಕ್ರಿಯಾಪದಗಳ ಹಿಂದೆ ಅದು ಬಾಲದಂತೆ ಬರುತ್ತದೆ. ‘ರಿಗ್ರೆಟ್’, ‘ರಿಸೆಂಟ್’, ‘ಅಪೋಜ್’ ಎಂಬವುಗಳ ಮುಂದೆ ನಿಲ್ಲುವುದೇ ಹೆಚ್ಚು. ಗುಣವಾಚಕದ ಜೊತೆಗೆ ಬಂದರೆ ಯಾವಾಗಲೂ ಮುಂದೆಯೇ. ಉಚ್ಚಾರದ ಬಗೆಗೆ ಮಾತ್ರ ಒಂದು ಮಾತು ಹೇಳಬೇಕು. ಕಾಗುಣಿತದಲ್ಲಿ ಎರಡು ಟಕಾರಗಳಿರುವುದನ್ನು ಕಂಡು ನಮ್ಮ ಮಕ್ಕಳು ‘ಬಿಟ್ಟರ್ಲಿ’ ಎಂದು ಒತ್ತಿ ಓದುತ್ತಾರೆ. ಕನ್ನಡದಲ್ಲಿ ಒತ್ತು ಬಂದರೆ ಉಚ್ಚಾರ ಬದಲಾಗುತ್ತದೆ, ಅರ್ಥವೂ ಬದಲಾಗುತ್ತದೆ. ಇಂಗ್ಲಿಷಿನಲ್ಲಿ ಆ ಎರಡನೆಯ ಅಕ್ಷರವು ಹಿಂದಿನ ಸ್ವರ ಹ್ರಸ್ವವೆಂದು ತೋರಿಸುವುದಕ್ಕೆ ಇರುವುದು, ನಾಲಗೆಗೆ ಕೆಲಸ ಕೊಡುವುದಕ್ಕಲ್ಲ.

ಗ್ರಂಥಾಲಯಕ್ಕೆ ಪುಸ್ತಕಗಳನ್ನು ಕೊಡಮಾಡುವ ದಾನಿಗಳಲ್ಲಿ ಇಲ್ಲಿಯೇ ಒಂದು ಬಿನ್ನಹ. ಹತ್ತು ಗೈಡುಗಳ ಬೆಲೆಗೆ ಒಂದು ಒಳ್ಳೆಯ ಇಂಗ್ಲಿಷ್-ಕನ್ನಡ ನಿಘಂಟು ಬರುತ್ತದೆ. ಕಿಟ್ಟೆಲ್ಲರ 1894ರ ಕನ್ನಡ-ಇಂಗ್ಲಿಷ್ ಕೋಶದ ಮರುಮುದ್ರಣವೊಂದು ಅದರ ಪಕ್ಕದಲ್ಲಿದ್ದರೆ, ಮನೆಯಲ್ಲಿ ಕೇಳಿದ ಮಾತಿಗೆ ಇಂಗ್ಲಿಷಿನಲ್ಲಿ ಏನೆನ್ನುತ್ತಾರೆಂದು ಹುಡುಕುವ ಹುಡುಗನಿಗೂ ದಾರಿಯಾಗುತ್ತದೆ.

ಕೊನೆಗೆ ಒಂದು ಪ್ರಯೋಗ ಉಳಿಯಿತು. ‘ಕಹಿಯಾಗಿ’ ಎಂಬ ಕನ್ನಡ ಶಬ್ದವು ನಿಜವಾಗಿ ಸಲ್ಲುವ ಸ್ಥಳವೊಂದಿದೆ: ‘ಹಾಗಲಕಾಯಿ ಕಹಿಯಾಗಿದೆ’, ‘ಔಷಧ ಕಹಿಯಾಗಿ ಹತ್ತಿತು’. ವಿಚಿತ್ರವೆಂದರೆ ಇಲ್ಲಿ ಇಂಗ್ಲಿಷ್ ಭಾಷೆಯು ‘ಬಿಟರ್ಲಿ’ಯನ್ನು ಒಪ್ಪುವುದಿಲ್ಲ. ‘ಟೇಸ್ಟ್ಸ್’ ಎಂಬ ಕ್ರಿಯಾಪದದ ಮುಂದೆ ಬರುವುದು ಗುಣವಾಚಕವೇ. ಆದುದರಿಂದ ‘ದಿ ಮೆಡಿಸಿನ್ ಟೇಸ್ಟ್ಸ್ ಬಿಟರ್’ ಎಂದೇ ಬರೆಯಬೇಕು.