ನೆಲದ ಮೇಲಣ ಹಕ್ಕು, ನೆಲದೊಳಗಣ ಹಕ್ಕು

ನಮ್ಮ ಪಾಲಕರಲ್ಲಿ ಹಲವರು ದುಡಿದು ಉಳಿಸಿದ ಹಣದಿಂದ ಊರಿನಲ್ಲಾಗಲಿ, ಈ ಗೋವೆಯಲ್ಲಾಗಲಿ ತುಂಡು ನೆಲವನ್ನು ಕೊಳ್ಳುವವರು. ಅವರು ಖರೀದಿ ಪತ್ರದಲ್ಲಿ ಬೆಲೆಯನ್ನೂ ಚತುಃಸೀಮೆಯನ್ನೂ ಓದುತ್ತಾರೆ. ಖನಿಜದ ಹಕ್ಕನ್ನು ಕಾಯ್ದಿರಿಸಿಕೊಂಡ ವಾಕ್ಯವೊಂದಿದ್ದರೆ ಅದನ್ನು ಮಾತ್ರ ಓದದೆ ದಾಟುವುದುಂಟು. ಆ ವಾಕ್ಯದ ಅರ್ಥವನ್ನು ಇಲ್ಲಿ ವಿಚಾರಿಸೋಣ.

ಕನ್ನಡ ನಾಡಿನ ಹಳೆಯ ದಾನಶಾಸನಗಳಲ್ಲಿ ನಿಧಿ, ನಿಕ್ಷೇಪ, ಜಲ, ಪಾಷಾಣ, ಅಕ್ಷೀಣಿ, ಆಗಾಮಿ, ಸಿದ್ಧ, ಸಾಧ್ಯ ಎಂಬ ಎಂಟನ್ನು ಎಣಿಸಿ ಅಷ್ಟಭೋಗವೆಂದು ಕರೆದಿದ್ದಾರೆ. ಹೂತ ಧನ, ನೀರು, ಕಲ್ಲು, ಈಗಿನ ಫಲ, ಮುಂದಿನ ಫಲ, ಎಲ್ಲವೂ ಇದರಲ್ಲಿ ಅಡಕವಾಗಿವೆ. ಪತ್ರ ಬರೆಯುವವರು ಈ ಸಾಲನ್ನು ಇಂದಿಗೂ ಅಭ್ಯಾಸಬಲದಿಂದ ನಕಲು ಮಾಡುವುದುಂಟು. ಕೇಳಲು ಗಂಭೀರವಾಗಿದೆ, ನಿಜ. ಆದರೆ ಮಾರುವವನು ತನ್ನಲ್ಲಿಲ್ಲದುದನ್ನು ಕೊಡಲಾರನು. ಹತ್ತು ರೂಪಾಯಿಗೆ ಮೀರಿದ ನಿಧಿ ದೊರೆತರೆ ಕಲೆಕ್ಟರರಿಗೆ ತಿಳಿಸಬೇಕೆಂದು 1878ರ ಕಾಯಿದೆ ವಿಧಿಸಿತು. ಸರಕಾರವು ನೀಡಿದ ಪತ್ರದಲ್ಲಿ ಸ್ಪಷ್ಟವಾಗಿ ಬೇರೆ ಹೇಳಿದ್ದ ಹೊರತು, ಗಣಿ ಮತ್ತು ಖನಿಜಗಳ ಹಕ್ಕು ರಾಜ್ಯ ಸರಕಾರದ್ದೆಂದು ಕರ್ನಾಟಕದ 1964ರ ಭೂಕಂದಾಯ ಕಾಯಿದೆಯ 70ನೆಯ ಕಲಮು ಹೇಳುತ್ತದೆ.

ಎಲ್ಲೆಡೆಯೂ ಹೀಗೆಯೇ ಎಂದಲ್ಲ. ಕೇರಳದ ಮಲಬಾರಿನ ಜನ್ಮಿ ಭೂಮಿಗಳ ವಿಷಯದಲ್ಲಿ ಸರ್ವೋಚ್ಚ ನ್ಯಾಯಾಲಯವು 2013ರ ಜುಲೈ 8ರಂದು, ಕಾನೂನಿನ ಕ್ರಮದಿಂದ ಕಳೆದುಕೊಳ್ಳದಿದ್ದರೆ ನೆಲದೊಡೆಯನಿಗೇ ನೆಲದೊಳಗಣ ಖನಿಜವೂ ಸೇರುತ್ತದೆಂದು ತೀರ್ಪಿತ್ತಿತು. ಆದುದರಿಂದ ಆಯಾ ನೆಲದ ಪೂರ್ವಚರಿತ್ರೆಯನ್ನು ನೋಡದೆ ಪತ್ರದ ಅರ್ಥ ತಿಳಿಯದು.

ಗೋವೆಯ ಚರಿತ್ರೆಯಂತೂ ವಿಶಿಷ್ಟವಾದುದು. ಪೋರ್ತುಗೀಜರ 1906ರ ಆಜ್ಞೆಯ ಮೇರೆಗೆ ಕೊಟ್ಟ ಗಣಿ ಹಕ್ಕುಗಳಿಗೆ ಅವಧಿಯ ಮಿತಿಯಿರಲಿಲ್ಲ. ಮೇಲಿನ ತೋಟ ಒಬ್ಬನದು, ಕೆಳಗಿನ ಕಬ್ಬಿಣದ ಅದಿರನ್ನು ಅಗೆಯುವ ಹಕ್ಕು ಇನ್ನೊಬ್ಬನದು ಆಗಿರಬಹುದಿತ್ತು. 1987ರ ಕಾಯಿದೆಯು 1961ರ ಡಿಸೆಂಬರ 20ರಿಂದಲೇ ಪೂರ್ವಾನ್ವಯವಾಗಿ ಆ ಹಕ್ಕುಗಳನ್ನು ರದ್ದುಗೊಳಿಸಿ, ಅವನ್ನು ಸಾಮಾನ್ಯ ಗುತ್ತಿಗೆಗಳೆಂದು ಸಾರಿತು. ಆ ಗುತ್ತಿಗೆಗಳೂ 2007ರ ನವೆಂಬರ 22ರಂದೇ ಮುಗಿದವೆಂದು ಸರ್ವೋಚ್ಚ ನ್ಯಾಯಾಲಯವು 2014ರಲ್ಲಿ ನಿರ್ಣಯಿಸಿತು. ಹಳೆಯ ಪತ್ರದಲ್ಲಿ ಆ ಹಕ್ಕುದಾರನ ಹೆಸರಿದ್ದ ಮಾತ್ರಕ್ಕೆ ಅವನಿಗೆ ಈಗಲೂ ಹಕ್ಕಿದೆಯೆನ್ನಲಾಗದು. ಅವನದು ತಪ್ಪಿತೆಂದು ಅದಿರು ತೋಟದವನಿಗೆ ತಾನಾಗಿ ಬಂದಿತೆಂದೂ ಅಲ್ಲ. 2022ರ ಡಿಸೆಂಬರಿನಲ್ಲಿ ಸರಕಾರವು ಗಣಿಪ್ರದೇಶಗಳನ್ನು ಹರಾಜಿಗಿಟ್ಟಿತು. ಆಗ ಡಿಚೋಲಿಯ ಶಿರಗಾಂವ, ಮುಳಗಾಂವಗಳ ಜನರು ತಮ್ಮ ಮನೆ, ದೇವಾಲಯ, ಹೊಲಗಳನ್ನು ಗಣಿಯ ಎಲ್ಲೆಯಿಂದ ಹೊರಗಿಡಬೇಕೆಂದು ಕೇಳಬೇಕಾಯಿತು. ಮನೆಯ ಕಾಗದವೊಂದೇ ಸಾಲದಾದುದು ಹೀಗೆ.

ಇನ್ನು ವಾಕ್ಯವನ್ನು ಓದುವ ಬಗೆ. ಹಕ್ಕನ್ನು ಉಳಿಸಿಕೊಂಡವರು ಸರಕಾರವೋ ಹಿಂದಿನ ಒಡೆಯನೋ ಎಂಬುದನ್ನು ಮೊದಲು ಗುರುತಿಸಬೇಕು. ಬಳಿಕ ಯಾವ ಖನಿಜ ಎಂಬುದು. ಕಟ್ಟಡದ ಕಲ್ಲು, ಸಾಧಾರಣ ಮರಳು, ಜೇಡಿಮಣ್ಣು ಮೊದಲಾದವನ್ನು 1957ರ ಕೇಂದ್ರ ಕಾಯಿದೆಯು ಉಪಖನಿಜಗಳೆಂದು ಪ್ರತ್ಯೇಕಿಸಿ, ಅವುಗಳ ನಿಯಮಗಳನ್ನು ರಾಜ್ಯಗಳಿಗೆ ಬಿಟ್ಟಿದೆ. ಸ್ವಂತ ನೆಲದಲ್ಲಿ ಚಿರೇಕಲ್ಲು ಕಡಿದು ಮಾರುವುದಕ್ಕೂ ಅಪ್ಪಣೆ ಬೇಕು. ಅಗೆಯುವವನು ನೆಲದ ಮೇಲೆ ಕಾಲಿಡಬಹುದೇ, ಬೆಳೆಯೋ ಗೋಡೆಯೋ ಕೆಟ್ಟರೆ ಪರಿಹಾರವೇನು ಎಂಬುದೂ ಅಷ್ಟೇ ಮುಖ್ಯ. ಗಣಿ ಗುತ್ತಿಗೆದಾರನು ಮೇಲ್ಮೈಯ ಅನುಭೋಗದಾರನಿಗೆ ನಷ್ಟ ತುಂಬಿಕೊಡಬೇಕೆಂದು ಅದೇ ಕಾಯಿದೆಯ 24ಎ ಕಲಮಿನಲ್ಲಿದೆ.

ಈಚಿನ ಪತ್ರದಲ್ಲಿ ಆ ವಾಕ್ಯ ಕಾಣದಿದ್ದರೂ ಹಿಂದಿನ ಪತ್ರದಲ್ಲಿ ಕಾಯ್ದಿಟ್ಟುದು ಅಳಿಯುವುದಿಲ್ಲ. ಹಳೆಯ ಪತ್ರಗಳ ನಕಲುಗಳನ್ನು ನೋಂದಣಿ ಕಚೇರಿಯಿಂದ ತರಿಸಬೇಕು. ಊರಿನ ನೆಲವಾದರೆ ಉತಾರದ ಇತರ ಹಕ್ಕುಗಳ ಕಾಲಮನ್ನು, ಗೋವೆಯ ನೆಲವಾದರೆ ಒಂದು ಮತ್ತು ಹದಿನಾಲ್ಕನೆಯ ನಮೂನೆಯನ್ನು ನೋಡಬೇಕು. ಪತ್ರ ಮರಾಠಿಯಲ್ಲೋ ಪೋರ್ತುಗೀಜಿನಲ್ಲೋ ಇದ್ದರೆ, ಮುಂಗಡ ಕೊಡುವ ಮುನ್ನವೇ ಬಲ್ಲ ವಕೀಲರಿಂದ ಓದಿಸತಕ್ಕದ್ದು.