ಟೊಮೆಟೊಗೆ ಜೂನ್ ಅಲ್ಲ, ಅಕ್ಟೋಬರ್

ಡೊಂಬಿವಲಿಯ ಓದುಗರೇ, ಮೇ ತಿಂಗಳಲ್ಲಿ ಹೂ ತುಂಬಿದ ಟೊಮೆಟೊ ಗಿಡ ಕಾಯಿ ಕಟ್ಟದ್ದಕ್ಕೆ ಗೊಬ್ಬರವನ್ನು ದೂರಬೇಡಿ, ತಪ್ಪಿದ್ದು ತಿಂಗಳು. ಹಗಲು 32 ಡಿಗ್ರಿ, ರಾತ್ರಿ 23 ಡಿಗ್ರಿ ಮೀರಿತೆಂದರೆ ಅದರ ಪರಾಗ ಸೊರಗುತ್ತದೆ. ತೊಟ್ಟಿನ ಗಂಟು ಹಳದಿಯಾಗಿ, ಬೆರಳು ತಾಗಿದರೆ ಸಾಕು, ಹೂ ಕಳಚಿ ಬೀಳುತ್ತದೆ. ಠಾಣೆ, ಕಲ್ಯಾಣ, ನವಿ ಮುಂಬಯಿಯ ರಾತ್ರಿಗಳು ಹಿತವಾಗಿ ತಂಪಾಗುವುದು ಡಿಸೆಂಬರ್‌, ಜನವರಿಯಲ್ಲಿ. ಆ ಹೊತ್ತಿಗೆ ಕಾಯಿ ಕಟ್ಟಬೇಕಾದರೆ ಸೆಪ್ಟೆಂಬರ್ ನಡುವೆ ಸೂರಿನಡಿ ಬೀಜ ಹಾಕಿ, ಮುಂಬಯಿ ಸುತ್ತಿನಿಂದ ಮುಂಗಾರು ವಾಡಿಕೆಯಂತೆ ಹಿಂದೆ ಸರಿಯುವ ಅಕ್ಟೋಬರ್ 8ರ ಆಸುಪಾಸಿನಲ್ಲಿ ಸಸಿಯನ್ನು ಕುಂಡಕ್ಕೆ ನೆಡಿ. ಬದನೆ, ಮೂಲಂಗಿ, ಪಾಲಕ್, ಮೆಂತ್ಯೆಗೂ ಅದೇ ಸಕಾಲ.

ಊರಲ್ಲಿ ಮುಂಗಾರಿಗೇ ಬಿತ್ತುತ್ತಾರಲ್ಲ ಎನ್ನಬಹುದು. ಆದರೆ ಧಾರವಾಡಕ್ಕೆ ವರ್ಷವಿಡೀ ಬೀಳುವಷ್ಟು ಮಳೆ, ಅಂದರೆ ಸುಮಾರು 800 ಮಿಲಿಮೀಟರ್, ಇಲ್ಲಿ ಜುಲೈ ಒಂದರಲ್ಲೇ ಸುರಿಯುತ್ತದೆ. ಮೋಡದ ಮಬ್ಬಿನಲ್ಲಿ ಎಳೆಸಸಿ ಬೆಳಕಿಗಾಗಿ ನೀಳವಾಗುತ್ತದೆ, ಮಣ್ಣಿಗೆ ತಾಗುವಲ್ಲಿ ಕಾಂಡ ಕಂದಿ ನೂಲಿನಷ್ಟಾಗಿ ಮಗುಚಿಕೊಳ್ಳುತ್ತದೆ. ಹಾಗಂತ ಕುಂಡ ಖಾಲಿ ಬಿಡಬೇಕಿಲ್ಲ: ಜೂನ್ ಆರಂಭದಲ್ಲಿ ಬೆಂಡೆ, ಹೀರೆ, ಬಸಳೆ ಹಾಕಿ, ಪತ್ರೊಡೆ ಪ್ರಿಯರಾದರೆ ಕೆಸುವಿನ ಗಡ್ಡೆ ಹೂಳಿ, ಬೇಸಿಗೆಗೆ ಹರಿವೆ ಇದೆ. ಫ್ಲ್ಯಾಟಿನ ಬಾಲ್ಕನಿಗೆ ಈ ಲೆಕ್ಕ ಒಪ್ಪುತ್ತದೆಯೇ ಎಂಬ ಸಂಶಯ ನ್ಯಾಯವಾದದ್ದೇ. ಚಳಿಗಾಲದ ಸೂರ್ಯ ದಕ್ಷಿಣಕ್ಕೆ ವಾಲುವುದರಿಂದ ದಕ್ಷಿಣದ ಗ್ರಿಲ್‌ಗೆ ಆಗಲೇ ಒಳ್ಳೆಯ ಬಿಸಿಲು. ನಿಮ್ಮದು ಉತ್ತರದ ಬಾಲ್ಕನಿಯಾದರೆ ಟೊಮೆಟೊದ ಆಸೆ ಬಿಟ್ಟು ಸೊಪ್ಪು ಬೆಳೆಯಿರಿ.